ಭವವೋ, ಭ್ರಂಶವೋ? ಯಿಡ್ಡಿಶ್ ಮತ್ತು ಪಾಟ್ವಾ ಪದಗಳನ್ನು ಕುರಿತು

ಗಡಿನಾಡಿನ ಕನ್ನಡಿಗರಿಗೆ ಒಂದು ಅನುಭವ ಸಾಮಾನ್ಯವಾದುದು. ಘಟ್ಟದ ಮೇಲಿನ ಊರುಗಳಿಗೆ ಮದುವೆಗೋ ಸಮ್ಮೇಳನಕ್ಕೋ ಹೋಗಿ ನಾವು ಬಾಯಿ ತೆರೆದೊಡನೆ ಯಾರಾದರೊಬ್ಬರು ನಗುತ್ತ, "ತಾವು ಕಾಸರಗೋಡಿನ ಕಡೆಯವರೇ?" ಎಂದು ಕೇಳುತ್ತಾರೆ. ಅವರು "ಇದೆ" ಎನ್ನುವಲ್ಲಿ ನಾವು "ಉಂಟು" ಎಂದಿರುತ್ತೇವೆ. ಆ ನಗೆಯಲ್ಲಿ ಕೆಡುಕಿಲ್ಲ. ಆದರೆ ಒಂದು ತೀರ್ಪು ಅಡಗಿದೆ. ಶುದ್ಧ ಕನ್ನಡ ಬೇರೆಲ್ಲೋ ಇದೆ, ನಮ್ಮದು ತುಳು, ಮಲಯಾಳ, ಕೊಂಕಣಿಗಳ ಸಹವಾಸದಿಂದ ಕೆಟ್ಟ ಬೆರಕೆ ಎಂಬುದೇ ಆ ತೀರ್ಪು. 'ಉಂಟು' ಕನ್ನಡದ್ದೇ ಹಳೆಯ ಪದವೆಂದು ವಿವರಿಸಹೊರಟರೆ, ಊಟದ ಎಲೆಯ ಮುಂದೆಯೂ ಮೇಷ್ಟ್ರ ಪಾಠ ತಪ್ಪಲಿಲ್ಲವೆಂದು ಅವರು ಇನ್ನಷ್ಟು ನಗುತ್ತಾರೆ.

ನಿವೃತ್ತಿಯ ಬಳಿಕ ಬಿಡುವಿನ ಓದು ನಮ್ಮನ್ನು ದೂರದ ಎರಡು ನುಡಿಗಳ ಕಡೆಗೆ ಒಯ್ದಿತು. ಒಂದು, ಪೂರ್ವ ಯುರೋಪಿನ ಯಹೂದ್ಯರ ಮನೆಮಾತಾದ ಯಿಡ್ಡಿಶ್. ಇನ್ನೊಂದು, ಜಮೈಕಾ ದ್ವೀಪದ ಜನರಾಡುವ ಪಾಟ್ವಾ. ಇವೆರಡಕ್ಕೂ ಪರಸ್ಪರ ನಂಟಿಲ್ಲ. ಆದರೆ 'ಬೆರಕೆ' ಎಂಬ ತೀರ್ಪನ್ನು ನಮಗಿಂತ ಎಷ್ಟೋ ಕಠೋರವಾಗಿ ಕೇಳಿಸಿಕೊಂಡು ಬಾಳಿದ ನುಡಿಗಳಿವು. ಇವುಗಳ ಕೆಲವು ಪದಗಳ ಹುಟ್ಟನ್ನೂ ಅರ್ಥವನ್ನೂ, ಅವನ್ನು ಜಗತ್ತಿಗೆ ಪರಿಚಯಿಸಿದ ಎರಡು ಪದಕೋಶಗಳ ಗುಣದೋಷಗಳನ್ನೂ ಪರಾಮರ್ಶಿಸುವುದು ಈ ಲೇಖನದ ಉದ್ದೇಶ.

ಪರಾಮರ್ಶೆಗೆ ಬೇಕಾದ ಅಳತೆಗೋಲು ನಮ್ಮ ವ್ಯಾಕರಣದಲ್ಲೇ ಇದೆ. 13ನೆಯ ಶತಮಾನದ ಕೇಶಿರಾಜನ 'ಶಬ್ದಮಣಿದರ್ಪಣ'ದಲ್ಲಿ ಸಂಸ್ಕೃತ ಪದಗಳು ಕನ್ನಡದ ಬಾಯಿಗೆ ಒಗ್ಗಿ ರೂಪ ಬದಲಿಸುವುದನ್ನು ಹೇಳುವ ಭಾಗಕ್ಕೆ ಅಪಭ್ರಂಶ ಪ್ರಕರಣವೆಂದು ಹೆಸರು. ಕಾರ್ಯ ಕಜ್ಜವಾಯಿತು, ವಿದ್ಯೆ ಬಿಜ್ಜೆಯಾಯಿತು, ಪುಸ್ತಕ ಹೊತ್ತಿಗೆಯಾಯಿತು. ಇಂಥ ಪದಗಳನ್ನು ನಾವು ತದ್ಭವ ಎನ್ನುತ್ತೇವೆ. ಭ್ರಂಶವೆಂದರೆ ಜಾರಿ ಬೀಳುವುದು, ಭವವೆಂದರೆ ಹುಟ್ಟುವುದು. ನಡೆದ ಕ್ರಿಯೆ ಒಂದೇ, ಇಟ್ಟ ಹೆಸರುಗಳು ಎರಡು. ನೋಡುವವನು ಎಲ್ಲಿ ನಿಂತಿದ್ದಾನೆ ಎಂಬುದರ ಮೇಲೆ ಅದು ಬೀಳುವಿಕೆಯೋ ಹುಟ್ಟೋ ಎಂಬುದು ನಿರ್ಧಾರವಾಗುತ್ತದೆ.

ಯಿಡ್ಡಿಶ್ ಸುಮಾರು ಸಾವಿರ ವರ್ಷಗಳ ಹಿಂದೆ ಜರ್ಮನಿಯ ರೈನ್ ನದಿಯ ಸೀಮೆಯಲ್ಲಿ ರೂಪುಗೊಂಡಿತು. ಅದರ ಬುನಾದಿ ಮಧ್ಯಯುಗದ ಜರ್ಮನ್. ಅದಕ್ಕೆ ಧರ್ಮಗ್ರಂಥಗಳ ಹೀಬ್ರೂ ಮತ್ತು ಅರಾಮಿಕ್ ಸೇರಿದವು. ಯಹೂದ್ಯರು ಪೂರ್ವಕ್ಕೆ ಸರಿದಂತೆ ಪೋಲಿಷ್ ಮೊದಲಾದ ಸ್ಲಾವ್ ನುಡಿಗಳು ಸೇರಿದವು. ಬರೆಯುವುದು ಹೀಬ್ರೂ ಲಿಪಿಯಲ್ಲಿ, ಬಲದಿಂದ ಎಡಕ್ಕೆ. ನೆರೆಮನೆಯ ಮಾಪಿಳ್ಳೆ ಹಿರಿಯರ ಅರಬಿ-ಮಲಯಾಳವನ್ನು, ಎಂದರೆ ಅರಬಿ ಲಿಪಿಯಲ್ಲಿ ಬರೆದ ಮಲಯಾಳವನ್ನು, ಕಂಡಿರುವ ನಮಗೆ ಇದು ವಿಚಿತ್ರವೆನಿಸದು.

ಒಂದು ಮನೆಯ ಮಾತಿನಲ್ಲೇ ಈ ಕೂಡಿಕೆಯನ್ನು ಕಾಣಬಹುದು. ಅಜ್ಜನಿಗೆ 'ಜೇಡೆ' ಎನ್ನುತ್ತಾರೆ; ಅದು ಸ್ಲಾವ್ ಮೂಲದ್ದು. ಅಜ್ಜ ಊಟವಾದ ಮೇಲೆ ಪ್ರಾರ್ಥನೆ ಹೇಳುವುದಕ್ಕೆ 'ಬೆಂಚ್ನ್' ಎನ್ನುತ್ತಾರೆ. ಅದರ ಬೇರು ಹರಸುವುದೆಂಬ ಅರ್ಥದ ಲ್ಯಾಟಿನ್ ಕ್ರಿಯಾಪದ. ಅಜ್ಜ ಓದುವುದು ಧರ್ಮಗ್ರಂಥವಾದರೆ ಅದು ಹೀಬ್ರೂ ಮೂಲದ 'ಸೇಫರ್'; ಕಥೆ ಕಾದಂಬರಿಯಾದರೆ ಜರ್ಮನ್ ಮೂಲದ 'ಬುಖ್'. ಬೆರಕೆಯಿಂದ ನುಡಿ ಬಡವಾಗುತ್ತದೆ ಎನ್ನುವವರು ಈ ಕೊನೆಯ ಜೋಡಿಯನ್ನು ಗಮನಿಸಬೇಕು. ಎರಡು ಮೂಲಗಳು ಒಂದೆಡೆ ಸೇರಿದ್ದರಿಂದಲೇ ಪೂಜ್ಯವಾದ ಗ್ರಂಥಕ್ಕೂ ಲೌಕಿಕ ಪುಸ್ತಕಕ್ಕೂ ಬೇರೆ ಬೇರೆ ಹೆಸರುಗಳು ದೊರೆತವು. ನಾವು ಗ್ರಂಥ ಎನ್ನುವಲ್ಲಿಯೂ ಪುಸ್ತಕ ಎನ್ನುವಲ್ಲಿಯೂ ಇಂಥದೇ ಭೇದವನ್ನು ಕಾಣುತ್ತೇವಲ್ಲವೇ?

ಪದ ಒಂದು ಮನೆಯಿಂದ ಇನ್ನೊಂದು ಮನೆಗೆ ಬಂದಾಗ ಅರ್ಥವೂ ಬದಲಾಗುತ್ತದೆ. ಜರ್ಮನ್ನಿನಲ್ಲಿ 'ಮೆನ್ಶ್' ಎಂದರೆ ಮನುಷ್ಯ, ಅಷ್ಟೆ. ಯಿಡ್ಡಿಶಿನಲ್ಲಿ ಹಾಗೆ ಕರೆಸಿಕೊಳ್ಳಲು ಮನುಷ್ಯನಾಗಿ ಹುಟ್ಟಿದರೆ ಸಾಲದು. ಕೊಟ್ಟ ಮಾತಿಗೆ ನಿಲ್ಲುವ, ಪರರ ಕಷ್ಟ ತಿಳಿಯುವ ಸಜ್ಜನನಾಗಿರಬೇಕು. 'ನೆಬೆಖ್' ಎಂಬ ಉದ್ಗಾರ ಸ್ಲಾವ್ ಮೂಲದ್ದು. ದುರದೃಷ್ಟವಂತನನ್ನು ಕಂಡು ಮರುಗುವಾಗ ಬಾಯಿಗೆ ಬರುವ ಮಾತು. ಕನ್ನಡದಲ್ಲಿ ಇದಕ್ಕೆ ಸರಿಸಾಟಿ "ಪಾಪ!" ಎಂಬುದು. ಸಂಸ್ಕೃತದಲ್ಲಿ ದುಷ್ಕೃತ್ಯವೆಂಬ ಅರ್ಥವಿದ್ದ ಪದ ನಮ್ಮ ಬಾಯಲ್ಲಿ ಕರುಣೆಯಾಯಿತು. 'ಶ್ಲಿಮಾಜ್ಲ್' ಎಂದರೆ ನತದೃಷ್ಟ. 'ಶ್ಲಿಮ್' ಜರ್ಮನ್ನಿನ ಕೆಟ್ಟದ್ದು, 'ಮಾಜ್ಲ್' ಹೀಬ್ರೂವಿನ ಅದೃಷ್ಟ. ನಮ್ಮ ವ್ಯಾಕರಣದ ಪ್ರಕಾರ ಇದು ಅಪ್ಪಟ ಅರಿಸಮಾಸ. ಆದರೆ 'ಮಳೆಗಾಲ' ಎನ್ನುವಾಗ ಕನ್ನಡದ ಮಳೆಯೊಡನೆ ಸಂಸ್ಕೃತದ ಕಾಲವನ್ನು ಕೂಡಿಸಿದೆವೆಂದು ನಮಗೇನೂ ಅಳುಕಿಲ್ಲ.

ಪದಮೂಲವನ್ನು ಹುಡುಕುವವರು ಎಚ್ಚರದಿಂದಿರಬೇಕೆಂಬುದಕ್ಕೂ ಯಿಡ್ಡಿಶಿನಲ್ಲಿ ಸೊಗಸಾದ ನಿದರ್ಶನವಿದೆ. 'ಬೋಬೆ-ಮಾಯ್ಸೆ' ಎಂದರೆ ಅಡುಗೂಲಜ್ಜಿಯ ಕಥೆ, ನಂಬಲಾಗದ ಕಟ್ಟುಕತೆ. 'ಬೋಬೆ' ಎಂದರೆ ಅಜ್ಜಿ, 'ಮಾಯ್ಸೆ' ಎಂದರೆ ಕಥೆ. ವ್ಯುತ್ಪತ್ತಿ ಅಲ್ಲಿಗೆ ಮುಗಿಯಿತೆಂದು ತೋರುತ್ತದೆ. ವಾಸ್ತವವಾಗಿ ಇದು 'ಬೋವೊ' ಎಂಬ ವೀರನ ಕಥೆ. 16ನೆಯ ಶತಮಾನದ ಆರಂಭದಲ್ಲಿ ಎಲಿಯಾ ಲೆವಿಟಾ ಎಂಬ ವಿದ್ವಾಂಸನು ಇಟಲಿಯ ಒಂದು ಸಾಹಸಕಥೆಯನ್ನು ಯಿಡ್ಡಿಶ್ ಪದ್ಯಕ್ಕೆ ತಂದನು. 1541ರಲ್ಲಿ ಅದು ಅಚ್ಚಾಯಿತು. ಕಾಲಾನಂತರ ಜನ ವೀರನನ್ನು ಮರೆತರು. ಅವನ ಹೆಸರಿದ್ದ ಜಾಗದಲ್ಲಿ ಅಜ್ಜಿಯನ್ನು ಕೂರಿಸಿದರು.

ಇನ್ನು ಪದಕೋಶದ ವಿಚಾರ. ಯಿಡ್ಡಿಶ್ ಪದಗಳನ್ನು ಇಂಗ್ಲಿಷ್ ಓದುಗರ ಮನೆಮನೆಗೆ ತಲುಪಿಸಿದ ಕೃತಿ ಲಿಯೋ ರಾಸ್ಟೆನ್ ಅವರ 'ದಿ ಜಾಯ್ಸ್ ಆಫ್ ಯಿಡ್ಡಿಶ್', 1968ರಲ್ಲಿ ಪ್ರಕಟವಾಯಿತು. ಅದರಲ್ಲಿ ಪದದ ಅರ್ಥದ ಜೊತೆಗೆ ನಗೆಹನಿಗಳು ತಪ್ಪದೆ ಬರುತ್ತವೆ. ಭಂಡತನದ ಪರಾಕಾಷ್ಠೆಯೆಂಬ ಅರ್ಥದ 'ಖುಟ್ಸ್ಪೆ'ಗೆ ಅವರು ಹೇಳುವ ಉದಾಹರಣೆ ಜಗತ್ಪ್ರಸಿದ್ಧ: ತಂದೆತಾಯಿಯನ್ನು ಕೊಂದವನು ನ್ಯಾಯಾಧೀಶರ ಮುಂದೆ, ತಾನು ತಬ್ಬಲಿಯಾದ್ದರಿಂದ ಕರುಣೆ ತೋರಬೇಕೆಂದು ಬೇಡಿದನಂತೆ. ಪುಸ್ತಕ ರಸವತ್ತಾಗಿದೆ. ತಾವು ಬರೆದಿರುವುದು ಯಿಡ್ಡಿಶನ್ನು ಕುರಿತಲ್ಲ, ಇಂಗ್ಲಿಷಿಗೆ ಬಂದ ಪದಗಳನ್ನು ಕುರಿತು ಎಂದು ಲೇಖಕರೇ ಪ್ರಾಮಾಣಿಕವಾಗಿ ಹೇಳಿಕೊಂಡಿದ್ದಾರೆ. ಆದರೂ ಪುಸ್ತಕ ಮುಚ್ಚಿದಾಗ, ಯಿಡ್ಡಿಶ್ ಎಂದರೆ ಹಾಸ್ಯದ ಬುಟ್ಟಿಯೆಂಬ ಭಾವನೆ ಓದುಗನಲ್ಲಿ ಉಳಿಯುತ್ತದೆ. ಇದು ಅಲ್ಪ ದೋಷವಲ್ಲ.

ಏಕೆಂದರೆ ಆ ನುಡಿಯಲ್ಲಿ ಜನ ನಕ್ಕದ್ದು ಮಾತ್ರವಲ್ಲ. ಅದನ್ನು ಆಡುತ್ತಿದ್ದವರೇ ಒಂದು ಕಾಲಕ್ಕೆ ಅದನ್ನು 'ಜಾರ್ಗನ್' ಎಂದು ಹಳಿಯುತ್ತಿದ್ದರು. 1908ರಲ್ಲಿ ಚೆರ್ನೊವಿಟ್ಸ್ ನಗರದಲ್ಲಿ ಸಾಹಿತಿಗಳು ನಮ್ಮ ಹಾಗೆಯೇ ಒಂದು ಸಮ್ಮೇಳನ ನಡೆಸಿ, ಬಿಸಿಬಿಸಿ ಚರ್ಚೆಯ ಬಳಿಕ, ಯಿಡ್ಡಿಶ್ ಯಹೂದ್ಯರ ಒಂದು ರಾಷ್ಟ್ರೀಯ ಭಾಷೆಯೆಂದು ಘೋಷಿಸಿದರು. ಎರಡನೆಯ ಮಹಾಯುದ್ಧದ ಹೊತ್ತಿಗೆ ಅದನ್ನಾಡುವವರು ಒಂದು ಕೋಟಿಯನ್ನು ಮೀರಿದ್ದರು. ನಾಜಿಗಳು ಕೊಂದ ಅರವತ್ತು ಲಕ್ಷ ಯಹೂದ್ಯರಲ್ಲಿ ಬಹುಪಾಲು ಜನ ಈ ನುಡಿಯವರು. ವಾರ್ಸಾದ ಯಹೂದ್ಯರನ್ನು ಗೋಡೆಯೊಳಗೆ ಕೂಡಿಹಾಕಿದ್ದಾಗ ಇತಿಹಾಸಕಾರ ಇಮ್ಯಾನುಯೆಲ್ ರಿಂಗೆಲ್‌ಬ್ಲುಮ್ ಮತ್ತು ಸಂಗಡಿಗರು ಅಲ್ಲಿನ ಬಾಳನ್ನು ಗುಟ್ಟಾಗಿ ದಾಖಲಿಸಿ, ತಗಡಿನ ಪೆಟ್ಟಿಗೆಗಳಲ್ಲೂ ಹಾಲಿನ ಕ್ಯಾನುಗಳಲ್ಲೂ ತುಂಬಿ ನೆಲದಲ್ಲಿ ಹೂತರು. 1946ರಲ್ಲೂ 1950ರಲ್ಲೂ ಅವುಗಳಲ್ಲಿ ಕೆಲವು ದೊರೆತವು. ಆ ಬಳಗ ಶನಿವಾರಗಳಂದು ಕೂಡುತ್ತಿತ್ತು. ಅದಕ್ಕಿದ್ದ ಗುಪ್ತನಾಮ 'ಓಯ್ನೆಗ್ ಶಾಬೆಸ್', ಎಂದರೆ ಸಬ್ಬತ್ತಿನ ಆನಂದ. ಪದದ ಮೂಲ ಹೀಬ್ರೂ ಎಂದು ಯಾವ ನಿಘಂಟಾದರೂ ಹೇಳೀತು. ಆ ಗೋಡೆಯೊಳಗೆ ಅದನ್ನು ಉಚ್ಚರಿಸಿದವರು ಅದಕ್ಕೆ ತುಂಬಿದ ಅರ್ಥ ಮೂಲದಲ್ಲಿ ಸಿಗುವಂಥದಲ್ಲ. 1978ರಲ್ಲಿ ಐಸಾಕ್ ಬಾಶೆವಿಸ್ ಸಿಂಗರ್ ನೊಬೆಲ್ ಬಹುಮಾನ ಪಡೆದಾಗ ತಮ್ಮ ಭಾಷಣದ ಒಂದು ಭಾಗವನ್ನು ಯಿಡ್ಡಿಶಿನಲ್ಲೇ ಮಾಡಿದರು.

ಪಾಟ್ವಾದ ಕಥೆ ಕಡಲಿನಾಚೆಯದು. ಹೆಸರೇ ಅವಮಾನದಿಂದ ಕೂಡಿದ್ದು. ಫ್ರೆಂಚರು ಹಳ್ಳಿಗರ ಒರಟು ಮಾತಿಗೆ ಇಟ್ಟ ಹೆಸರದು. 1655ರಲ್ಲಿ ಇಂಗ್ಲಿಷರು ಸ್ಪೇನಿನವರಿಂದ ಜಮೈಕಾವನ್ನು ಕಿತ್ತುಕೊಂಡರು. ಕಬ್ಬಿನ ತೋಟಗಳಲ್ಲಿ ದುಡಿಸಲು ಪಶ್ಚಿಮ ಆಫ್ರಿಕದಿಂದ ಜನರನ್ನು ಸೆರೆತಂದರು. ಒಬ್ಬರ ಭಾಷೆ ಇನ್ನೊಬ್ಬರಿಗೆ ತಿಳಿಯದ ಆ ಜನ ಒಡೆಯರ ಇಂಗ್ಲಿಷ್ ಪದಗಳನ್ನೂ ತಮ್ಮ ನೆನಪಿನಲ್ಲಿದ್ದ ನುಡಿಗಟ್ಟನ್ನೂ ಕೂಡಿಸಿ ಹೊಸ ಭಾಷೆ ಕಟ್ಟಿಕೊಂಡರು. ತಿನ್ನುವುದಕ್ಕೆ 'ನ್ಯಾಮ್' ಎನ್ನುತ್ತಾರೆ. ಪಶ್ಚಿಮ ಆಫ್ರಿಕದ ಹಲವು ನುಡಿಗಳಲ್ಲಿ ಇದರ ಬಂಧುಗಳಿವೆ. ಕಥೆಗಳ ಜಾಣ ಜೇಡ 'ಅನಾನ್ಸಿ' ಘಾನಾ ಸೀಮೆಯ ಅಕಾನ್ ಜನರದು. ಹಲವರನ್ನು ಉದ್ದೇಶಿಸಿ 'ಉನು' ಎನ್ನುತ್ತಾರೆ. ಅದು ಇಗ್ಬೊ ನುಡಿಯದು. ಇಂದಿನ ಇಂಗ್ಲಿಷಿನ 'ಯು'ಗೆ ಎದುರಿಗಿರುವವನು ಒಬ್ಬನೋ ಹಲವರೋ ತಿಳಿಯದು. ನೀನು, ನೀವು ಎಂಬ ಭೇದವುಳ್ಳ ನಮಗೆ, ಈ ವಿಷಯದಲ್ಲಿ ಪಾಟ್ವಾ ಇಂಗ್ಲಿಷಿಗಿಂತ ಸುಸಜ್ಜಿತವೆಂದು ಒಪ್ಪಲು ಕಷ್ಟವಿಲ್ಲ.

ಮಗುವಿಗೆ 'ಪಿಕ್ನಿ' ಎನ್ನುತ್ತಾರೆ. ಪುಟ್ಟದ್ದು ಎಂಬ ಅರ್ಥದ ಪೋರ್ಚುಗೀಸ್ ಪದದಿಂದ ಬಂದುದು. ಅದೇ ಪೋರ್ಚುಗೀಸರ ಹಡಗುಗಳು ನಮ್ಮ ಕರಾವಳಿಗೂ ಬಂದು ಚಾವಿ, ಬಟಾಟೆ, ಪಾದ್ರಿ ಎಂಬ ಪದಗಳನ್ನು ಇಳಿಸಿಹೋದವು. 1845ರಿಂದ 1917ರವರೆಗೆ ಸುಮಾರು 36,000 ಭಾರತೀಯರನ್ನು ಕರಾರು ಕೂಲಿಗಳಾಗಿ ಜಮೈಕಾಕ್ಕೆ ಒಯ್ದರು. ಅವರೊಡನೆ ಹೋದ 'ಗಾಂಜಾ' ಎಂಬ ಪದ ಇಂದಿಗೂ ಅಲ್ಲಿನ ಮಾತಿನಲ್ಲಿದೆ.

ನಮ್ಮ ಮನಸ್ಸನ್ನು ಹಿಡಿದು ನಿಲ್ಲಿಸಿದ ಪದ ಬೇರೆ. ಕಂಬನಿಗೆ ಪಾಟ್ವಾದಲ್ಲಿ 'ಯಾಯ್-ವಾಟ' ಎನ್ನುತ್ತಾರೆ. ಇಂಗ್ಲಿಷಿನ ಕಣ್ಣು, ಇಂಗ್ಲಿಷಿನ ನೀರು. ಆದರೆ ಕೂಡಿಸಿದ ರೀತಿ ಇಂಗ್ಲಿಷಿನದಲ್ಲ. ಇಗ್ಬೊ, ಅಕಾನ್ ಮುಂತಾದ ನುಡಿಗಳಲ್ಲಿ ಕಂಬನಿಯನ್ನು ಕಣ್ಣ ನೀರು ಎಂದೇ ಹೇಳುತ್ತಾರೆ. ಇಂಗ್ಲಿಷ್ ಕಲಿತವನಿಗೆ ಇದು ಪದಗಳಿಗೆ ತಡಕಾಡುವವನ ಮಾತಾಗಿ ಕೇಳಿಸಬಹುದು. ಕಣ್ಣು, ನೀರುಗಳನ್ನು ಕೂಡಿಸಿ ಕಣ್ಣೀರು ಎನ್ನುವ ಕನ್ನಡಿಗನಿಗೆ ಹಾಗೆ ಕೇಳಿಸಲು ಸಾಧ್ಯವೇ?

ಈ ನುಡಿಗೆ ಶಾಸ್ತ್ರೀಯ ಗೌರವ ತಂದ ಕೃತಿ, ಜಮೈಕಾದಲ್ಲೇ ಹುಟ್ಟಿದ ಫ್ರೆಡರಿಕ್ ಕ್ಯಾಸಿಡಿ ಮತ್ತು ಇಂಗ್ಲೆಂಡಿನ ರಾಬರ್ಟ್ ಲೆ ಪೇಜ್ ಸಿದ್ಧಪಡಿಸಿದ, 1967ರ 'ಡಿಕ್ಷನರಿ ಆಫ್ ಜಮೈಕನ್ ಇಂಗ್ಲಿಷ್'. ಪದ ಎಂದು, ಎಲ್ಲಿ ಬರಹದಲ್ಲಿ ಕಾಣಿಸಿತೆಂಬುದಕ್ಕೆ ಸಾಕ್ಷ್ಯವಿಟ್ಟು, ಆಧಾರವಿದ್ದಲ್ಲಿ ಆಫ್ರಿಕದ ಮೂಲವನ್ನು ಗುರುತಿಸುವ ಈ ಕ್ರಮ ರಾಸ್ಟೆನ್ನರ ನಗೆಹನಿಗಳಿಗಿಂತ ಶ್ರೇಷ್ಠ. ಆದರೆ ಇದಕ್ಕೂ ಎರಡು ಮಿತಿಗಳಿವೆ. ಗುಲಾಮಗಿರಿಯ ಕಾಲದ ಬರಹಗಳು ಹೆಚ್ಚಾಗಿ ತೋಟದ ಒಡೆಯರವು, ಪ್ರವಾಸಿಗಳವು. ಪದವನ್ನಾಡಿದವನ ಸಾಕ್ಷ್ಯವನ್ನು ಅವನ ಒಡೆಯನ ಲೇಖನಿಯಿಂದ ಪಡೆಯಬೇಕಾಗುತ್ತದೆ. ಎರಡನೆಯದಾಗಿ, ಹೊದಿಕೆಯ ಮೇಲೆಯೇ ಇದು ಇಂಗ್ಲಿಷಿನ ಒಂದು ಬಗೆಯೆಂಬ ತೀರ್ಮಾನವಿದೆ.

ಅದಕ್ಕೆ ಉತ್ತರ ಸಿಗುವುದು ಜಮೈಕಾದ ಕವಯಿತ್ರಿ ಲೂಯಿಸ್ ಬೆನೆಟ್ (1919–2006) ಅವರಲ್ಲಿ. ಜನ ಪ್ರೀತಿಯಿಂದ 'ಮಿಸ್ ಲೂ' ಎನ್ನುತ್ತಿದ್ದ ಅವರು ಪಾಟ್ವಾದಲ್ಲೇ ಬರೆದರು, ವೇದಿಕೆಯಲ್ಲೂ ರೇಡಿಯೊದಲ್ಲೂ ಅದನ್ನೇ ಆಡಿದರು. ಅವರ ವಾದದ ಸಾರ ಇಷ್ಟು: ಲ್ಯಾಟಿನ್, ಫ್ರೆಂಚ್‌ಗಳಿಂದ ಇಂಗ್ಲಿಷ್ ಪದ ಪಡೆದಾಗ ಅದನ್ನು 'ವ್ಯುತ್ಪನ್ನ' ಎನ್ನುವಿರಿ, ಇಂಗ್ಲಿಷಿನಿಂದ ನಾವು ಪಡೆದಾಗ 'ಕೆಡಿಸಿದ್ದು' ಎನ್ನುವಿರಿ, ಇದು ಯಾವ ನ್ಯಾಯ? ಕೇಶಿರಾಜನನ್ನು ಓದದ ಆ ಮಹಾತಾಯಿ ತದ್ಭವ, ಅಪಭ್ರಂಶಗಳ ಪ್ರಶ್ನೆಯನ್ನೇ ಕೇಳಿದ್ದರು.

ಈ ಪ್ರಶ್ನೆ ನಮಗೂ ತಾಗುತ್ತದೆ. ಅಧ್ಯಾಪಕರಾಗಿದ್ದ ಮೊದಲ ವರ್ಷಗಳಲ್ಲಿ ಒಬ್ಬ ಹುಡುಗ ರಜಾ ಅರ್ಜಿಯಲ್ಲಿ, "ಅಜ್ಜಿಗೆ ಸುಖವಿಲ್ಲದ ಕಾರಣ ಶಾಲೆಗೆ ಬರಲಿಲ್ಲ" ಎಂದು ಬರೆದಿದ್ದನು. ಮಲಯಾಳದಲ್ಲಿ ಸುಖವಿಲ್ಲ ಎಂದರೆ ಆರೋಗ್ಯವಿಲ್ಲ. ನಾವು ಕೆಂಪು ಶಾಯಿಯಿಂದ ಗೀಟು ಹಾಕಿ ತರಗತಿಯಲ್ಲಿ ಓದಿ ಹೇಳಿದೆವು; ಮಕ್ಕಳೆಲ್ಲ ನಕ್ಕರು. ನಾಲ್ಕೈದು ದಿನಗಳಲ್ಲಿ ಆ ಅಜ್ಜಿ ತೀರಿಕೊಂಡರು. ಆಮೇಲೆ ಹುಡುಗ ತಂದ ಅರ್ಜಿಯಲ್ಲಿ ಒಂದೂ ತಪ್ಪಿರಲಿಲ್ಲ. ಅವನು ನಮ್ಮ ಮುಖ ನೋಡದೆ ಅದನ್ನು ಮೇಜಿನ ಮೇಲಿಟ್ಟು ಹೋದನು. ಸುಖಪ್ರಸವ ಎಂದು ನಾವೇ ಹೇಳುವಾಗ ಸುಖದ ಅರ್ಥವೇನೆಂದು ಅಂದು ನಮಗೆ ಹೊಳೆಯಲಿಲ್ಲ. ಅಜ್ಜಿ ಹೇಗಿದ್ದಾರೆಂದು ಕೇಳಬೇಕೆಂಬುದೂ ಹೊಳೆಯಲಿಲ್ಲ. ಪದದ ಮೂಲ ನಮಗೆ ತಿಳಿದಿತ್ತು. ಅರ್ಥ ತಿಳಿದದ್ದು ಆ ಹುಡುಗನಿಗೆ.

ತಿದ್ದುವುದನ್ನೇ ಬಿಡಬೇಕೆಂಬುದು ನಮ್ಮ ಮತವಲ್ಲ. ಪರೀಕ್ಷೆಗೂ ಅರ್ಜಿಗೂ ಗ್ರಂಥಸ್ಥ ಕನ್ನಡ ಬೇಕು. ಗಡಿಯ ಮಕ್ಕಳಿಗೆ ಅದನ್ನು ಕಲಿಸದಿರುವುದು ದ್ರೋಹ. ಬೆರೆಯುವುದರಿಂದ ಮಾತ್ರವೇ ಯಾವ ನುಡಿಯೂ ದೊಡ್ಡದಾಗುವುದಿಲ್ಲ. ಯಿಡ್ಡಿಶಿಗೆ ಅದರ ಲೇಖಕರು ದುಡಿದರು, ಪಾಟ್ವಾಕ್ಕೆ ಮಿಸ್ ಲೂ ಅಂಥವರು ದುಡಿದರು. ನಮ್ಮ ಸಂಘದ ಸದಸ್ಯರು ತಮ್ಮ ಮನೆಯ ಹಿರಿಯರಾಡುವ, ಪಠ್ಯಪುಸ್ತಕದಲ್ಲಿಲ್ಲದ ಪದಗಳನ್ನು ಒಂದು ನೋಟುಪುಸ್ತಕದಲ್ಲಿ ಬರೆದಿಡಲೆಂದು ನಾವು ವಿನಂತಿಸುತ್ತೇವೆ. ಪದದ ಮುಂದೆ ಅದು ಯಾವ ಭಾಷೆಯಿಂದ ಬಂದಿತೆಂದು ಬರೆಯಿರಿ. ಮನೆಯಲ್ಲಿ ಯಾರು, ಯಾವ ಸಂದರ್ಭದಲ್ಲಿ ಅದನ್ನು ಆಡುತ್ತಿದ್ದರೆಂಬುದನ್ನೂ ಬರೆಯಿರಿ. ಮುಂದಿನ ಸಮ್ಮೇಳನಕ್ಕೆ ಆ ಪುಸ್ತಕಗಳನ್ನು ತಂದರೆ, ಕೆಂಪು ಶಾಯಿಯನ್ನು ಮನೆಯಲ್ಲೇ ಬಿಟ್ಟು ಬಂದು ಓದಲು ನಾವು ಸಿದ್ಧರಿದ್ದೇವೆ.