ಮಂತ್ರಿಯ ಪಾತ್ರವೂ ಶ್ರೀ ಪಂತುಲು ಅವರ ಅಭಿನಯವೂ

ಐತಿಹಾಸಿಕ ನಾಟಕವಿರಲಿ, ಚಿತ್ರಪಟವಿರಲಿ, ನಮ್ಮ ಜನರ ಕಣ್ಣು ಮೊದಲು ಅರಸನ ಮೇಲೆಯೇ ಬೀಳುವದು. ಕಿರೀಟವೂ ಕತ್ತಿಯೂ ಇದ್ದಲ್ಲಿಯೇ ನಾಯಕತ್ವವಿರುವದೆಂದು ತಿಳಿದವರು, ಪಕ್ಕದಲ್ಲಿ ನಿಂತ ಮುಪ್ಪಿನ ಮಂತ್ರಿಯನ್ನು ಲೆಕ್ಕಕ್ಕೆ ಹಿಡಿಯುವದಿಲ್ಲ. ಆದರೆ ‘ಶ್ರೀಕೃಷ್ಣದೇವರಾಯ’ ಚಿತ್ರಪಟದ ಸಂಗತಿಯು ಬೇರೆಯಾಯಿತು. 1969-70ರ ಸಾಲಿನ ರಾಜ್ಯಪ್ರಶಸ್ತಿಗಳಲ್ಲಿ ಶ್ರೇಷ್ಠ ನಟನ ಮಾನವು ರಾಯನ ಪಾತ್ರವನ್ನು ವಹಿಸಿದ ಶ್ರೀ ರಾಜಕುಮಾರರಿಗೆ ಸಲ್ಲದೆ, ತಿಮ್ಮರಸನಾದ ಶ್ರೀ ಬಿ. ಆರ್. ಪಂತುಲು ಅವರಿಗೆ ಸಂದಿತು. ಪೋಷಕ ಪಾತ್ರಕ್ಕೆ ಇಂಥ ಮಾನವು ಯುಕ್ತವೇ ಎಂಬ ಪ್ರಶ್ನೆಯು ಸಹಜವಾಗಿ ಏಳುವದು. ಯುಕ್ತವೇ ಸರಿ ಎಂದು ನಮ್ಮ ಮತವು.

ಧನಂಜಯನು ದಶರೂಪಕದಲ್ಲಿ ಧೀರಲಲಿತ ನಾಯಕನ ಕಾರ್ಯಸಿದ್ಧಿಯು ಮಂತ್ರಿಯ ಅಧೀನವೆಂದು ಹೇಳಿರುವನು. ರತ್ನಾವಳಿಯಲ್ಲಿ ವತ್ಸರಾಜನು ವಸಂತೋತ್ಸವದಲ್ಲಿ ಮೈಮರೆತಿರುವಾಗ ರಾಜ್ಯದ ಹೊರೆಯನ್ನು ಹೊತ್ತವನು ಯೌಗಂಧರಾಯಣನು. ವಿಶಾಖದತ್ತನಂತೂ ಮುದ್ರಾರಾಕ್ಷಸದಲ್ಲಿ ಅರಸನನ್ನು ಬದಿಗೆ ಸರಿಸಿ, ಇಬ್ಬರು ಮಂತ್ರಿಗಳನ್ನೇ ಎದುರುಬದುರು ನಿಲ್ಲಿಸಿದನು. ಆದುದರಿಂದ ಪ್ರಶಸ್ತಿಯನ್ನು ಕೊಟ್ಟವರು ಹೊಸದೇನನ್ನೂ ಮಾಡಲಿಲ್ಲ; ಅರಿತೋ ಅರಿಯದೆಯೋ ಹಳೆಯ ಮಾರ್ಗದಲ್ಲಿಯೇ ನಡೆದರು.

ಶ್ರೀ ಪಂತುಲು ಅವರು 1910ರಲ್ಲಿ ಕೋಲಾರ ಸೀಮೆಯಲ್ಲಿ ಹುಟ್ಟಿ, ಕೆಲಕಾಲ ಮಾಸ್ತರಿಕೆ ಮಾಡಿ, ರಂಗಭೂಮಿಗೆ ಬಂದವರು. (ತೆಲುಗಿನಲ್ಲಿ ‘ಪಂತುಲು’ ಎಂದರೆ ಮಾಸ್ತರನೇ!) 1936ರ ‘ಸಂಸಾರ ನೌಕೆ’ಯಲ್ಲಿ ನಾಯಕರಾಗಿ ಹೆಸರು ಪಡೆದು, ಮುಂದೆ ತಮ್ಮದೇ ಪದ್ಮಿನಿ ಪಿಕ್ಚರ್ಸ್ ಕಟ್ಟಿದರು. ತಮಿಳಿನಲ್ಲಿ ‘ವೀರಪಾಂಡಿಯ ಕಟ್ಟಬೊಮ್ಮನ್’ (1959), ‘ಕರ್ಣನ್’ (1964), ಕನ್ನಡದಲ್ಲಿ ‘ಕಿತ್ತೂರು ಚೆನ್ನಮ್ಮ’ (1961) ಇವೆಲ್ಲವು ಅವರ ನಿರ್ದೇಶನದವು. 1824ರಲ್ಲಿ ಧಾರವಾಡದ ಕಲೆಕ್ಟರ ಥ್ಯಾಕರೆಯು ಕಿತ್ತೂರಿನ ಕೋಟೆಯೆದುರು ಬಿದ್ದ ಕಥೆಯನ್ನು ಲಾವಣಿಗಳಲ್ಲಿ ಕೇಳಿ ಬೆಳೆದ ನಮ್ಮ ಶಲವಡಿಯಂಥ ಊರುಗಳವರಿಗೆ, ದೂರದ ಕೋಲಾರದವರು ಅದನ್ನು ತೆರೆಗೆ ತಂದದ್ದು ಸಂತೋಷವನ್ನೂ ತುಸು ನಾಚಿಕೆಯನ್ನೂ ಉಂಟುಮಾಡತಕ್ಕ ಮಾತು.

ಅವರ ‘ಸ್ಕೂಲ್ ಮಾಸ್ಟರ್’ (1958) ಲೋಕಪ್ರಿಯವಾದುದು. ಮಕ್ಕಳ ಉಪೇಕ್ಷೆಗೆ ಗುರಿಯಾದ ಮಾಸ್ತರನಿಗೆ ಹಳೆಯ ಶಿಷ್ಯನು ಆಸರೆಯಾಗುವ ಕಥೆ. ಮೂವತ್ತು ವರುಷ ಖಡು ಹಿಡಿದ ನಾವು ಅದನ್ನೇ ತಲೆಯ ಮೇಲೆ ಹೊರಬೇಕಾಗಿತ್ತು. ಆದರೆ ಅಲ್ಲಿಯ ಮಾಸ್ತರನು ಪ್ರೇಕ್ಷಕರ ಕರುಣೆಯನ್ನು ಬೇಡುತ್ತಾನೆ. ಕಣ್ಣೀರು ಕೋಡಿ ಹರಿದಲ್ಲಿ ಕರುಣರಸವು ತೆಳ್ಳಗಾಗುವದೆಂಬುದನ್ನು ಮರೆತಂತಿದೆ. ತಿಮ್ಮರಸನು ಬೇಡುವದಿಲ್ಲ. ಅರವತ್ತರ ಹತ್ತಿರಕ್ಕೆ ಬಂದ ನಟನ ವಯಸ್ಸು, ಭಾರವಾದ ಮೈಕಟ್ಟು, ನಾಟಕದ ರಂಗದಲ್ಲಿ ಪಳಗಿದ ಬಿಡಿಬಿಡಿಯಾದ ಉಚ್ಚಾರ, ಇವೆಲ್ಲ ಪಾತ್ರಕ್ಕೆ ತಾವಾಗಿಯೇ ಒದಗಿಬಂದವು. ನಿರ್ಮಾಪಕರೂ ನಿರ್ದೇಶಕರೂ ತಾವೇ ಆಗಿದ್ದರು. ಮನಸ್ಸು ಮಾಡಿದ್ದರೆ ಅರಸನನ್ನು ಮಂಕುಗೊಳಿಸಬಹುದಾಗಿತ್ತು. ಹಾಗೆ ಮಾಡದೆ, ಇವನು ನಿಂತಲ್ಲಿ ಅವನು ಅರಸನಾಗಿ ಕಾಣುವಂತೆ ನಡೆದುಕೊಂಡರು. ಕ್ಷೇಮೇಂದ್ರನು ಔಚಿತ್ಯವೆಂದು ಕರೆದದ್ದು ಇದನ್ನೇ.

ಇನ್ನೊಂದು ಮಾತು. ರಾಯನು ತಿಮ್ಮರಸನನ್ನು ಅಪ್ಪಾಜಿ ಎಂದು ಕರೆಯುತ್ತಿದ್ದನೆಂಬುದು ಪರಂಪರೆಯ ಮಾತು. ಅದೇ ರಾಯನು, ಮಗನಿಗೆ ವಿಷವಿಕ್ಕಿದರೆಂಬ ಸಂಶಯದಿಂದ, ಅದೇ ಅಪ್ಪಾಜಿಯ ಕಣ್ಣು ಕೀಳಿಸಿದನೆಂದು ಪೋರ್ತುಗೀಜ ನೂನಿಜನು ಬರೆದಿಟ್ಟಿರುವನು. ಇದನ್ನು ಬಲ್ಲವನಿಗೆ ಪಂತುಲು ಅವರ ತಿಮ್ಮರಸನ ವಾತ್ಸಲ್ಯವನ್ನು ನಿಶ್ಚಿಂತೆಯಿಂದ ನೋಡಲು ಆಗದು.

ಚಿತ್ರಪಟದಲ್ಲಿ ದೋಷಗಳಿಲ್ಲವೆಂದಲ್ಲ. ಹಾಡು-ಕುಣಿತಗಳು ಕಥೆಯ ಓಟವನ್ನು ಅಡ್ಡಗಟ್ಟುತ್ತವೆ. ಬಣ್ಣದ ವೈಭವವು ಕೆಲವೆಡೆ ಜಾತ್ರೆಯ ಅಂಗಡಿಯನ್ನು ನೆನಪಿಸುತ್ತದೆ. ತೆನಾಲಿ ರಾಮನಾದ ನರಸಿಂಹರಾಜು ಅವರು ನಕ್ಕು ನಗಿಸುವರೇನೋ ನಿಜ. ಆದರೆ ಮಂತ್ರಾಲೋಚನೆಯ ಗಾಂಭೀರ್ಯವು ನೆಲೆಗೊಳ್ಳುವಷ್ಟು ಅವಕಾಶವನ್ನು ಆ ವಿನೋದವು ಬಿಟ್ಟುಕೊಡುವದಿಲ್ಲ.