ಕೂಡಿ ಶೋಧಿಸುವ ವಿದ್ಯೆ: ಪತ್ತೇದಾರಿ ಮಣೆಯಾಟಗಳ ಪಂಥ

ಹೈದರಾಬಾದಿನ ಬೇಗಂ ಬಜಾರಿನಲ್ಲಿ ಪಾತ್ರೆಗಳ ಸಾಲನ್ನೂ ಒಣಹಣ್ಣಿನ ಸಾಲನ್ನೂ ದಾಟಿ ಆಟಿಕೆಗಳ ಸಗಟು ಅಂಗಡಿಗಳಿರುವ ಕಡೆಗೆ ಬಂದರೆ, ಕೇರಂ ಹಲಗೆ, ಲೂಡೊ, ಹಾವು-ಏಣಿ, ಊರುಗಳನ್ನು ಕೊಂಡು ಬಾಡಿಗೆ ವಸೂಲು ಮಾಡುವ ವ್ಯಾಪಾರದಾಟ, ಇವುಗಳ ಪೆಟ್ಟಿಗೆಗಳನ್ನು ಡಜನ್ನುಗಟ್ಟಲೆ ಕಟ್ಟಿ ಪೇರಿಸಿರುವುದು ಕಾಣುತ್ತದೆ. 1956ರಲ್ಲಿ ರಾಜ್ಯಗಳು ಭಾಷಾನುಸಾರವಾಗಿ ಪುನರ್ವಿಂಗಡಣೆಗೊಳ್ಳುವವರೆಗೆ ಬೀದರ, ಕಲಬುರಗಿ, ರಾಯಚೂರುಗಳಿಗೆ ರಾಜಧಾನಿಯಾಗಿದ್ದ ಈ ನಗರದಿಂದ ಆ ಕಡೆಯ ಅಂಗಡಿಕಾರರು ಇಂದಿಗೂ ಸರಕು ಒಯ್ಯುವುದುಂಟಾದುದರಿಂದ, ಇಲ್ಲಿನ ಪೆಟ್ಟಿಗೆಗಳು ಕನ್ನಡ ಮನೆಗಳ ರಜಾದಿನಗಳನ್ನೂ ಒಂದಿಷ್ಟು ರೂಪಿಸಿವೆಯೆನ್ನಬಹುದು. ಈ ಆಟಗಳೆಲ್ಲವೂ ಒಂದು ವಿಷಯದಲ್ಲಿ ಸಮಾನ: ಒಬ್ಬನು ಗೆಲ್ಲಬೇಕಾದರೆ ಮಿಕ್ಕವರು ಸೋಲಲೇಬೇಕು. ಇದಕ್ಕೆ ತೀರ ಭಿನ್ನವಾಗಿ, ಆಡುವವರೆಲ್ಲರೂ ಒಂದೇ ಪಕ್ಷದಲ್ಲಿ ಕುಳಿತು, ಕಾಗದದ ಮೇಲೆ ಮುದ್ರಿತವಾದ ಒಂದು ಅಪರಾಧವನ್ನೇ ಎದುರಾಳಿಯನ್ನಾಗಿ ಮಾಡಿಕೊಂಡು, ಸಾಕ್ಷ್ಯವನ್ನು ತೂಗಿ ನೋಡಿ ಅಪರಾಧಿಯನ್ನು ಗುರುತಿಸುವ ಮತ್ತೊಂದು ಪಂಥವು ಕಳೆದ ನಾಲ್ಕು ದಶಕಗಳಲ್ಲಿ ಯುರೋಪ್ ಅಮೆರಿಕಗಳಲ್ಲಿ ಬೆಳೆದು ಬಂದಿದೆ. ಆ ಪಂಥದ ಹಿರಿಮೆಯೇನು, ಅದು ಎಲ್ಲಿ ಎಡವಿದೆ, ನಮ್ಮ ನೆಲದಲ್ಲಿ ಅದು ಯಾವ ರೂಪವನ್ನು ತಾಳಬಹುದು ಎಂಬುದೇ ಈ ಲೇಖನದ ವಿಚಾರ.

ಕಳ್ಳನನ್ನು ಬುದ್ಧಿಬಲದಿಂದ ಹಿಡಿಯುವ ಕಥೆ ಕನ್ನಡಕ್ಕೆ ಹೊಸದಲ್ಲ. ನಮ್ಮ ಪ್ರಾಚೀನ ಗದ್ಯಕೃತಿಯಾದ ವಡ್ಡಾರಾಧನೆಯಲ್ಲಿ, ಹಗಲಿನಲ್ಲಿ ಕುಷ್ಠರೋಗಿಯ ವೇಷದಲ್ಲಿದ್ದು ಇರುಳಿನಲ್ಲಿ ಕನ್ನವಿಕ್ಕುವ ವಿದ್ಯುಚ್ಚೋರನೂ, ಅವನೊಡನೆ ಬಾಲ್ಯದಲ್ಲಿ ಕೂಡಿ ಓದಿ ಈಗ ತಳಾರನಾಗಿ, ಎಂದರೆ ನಗರರಕ್ಷಕನಾಗಿ, ಇರುವ ಯಮದಂಡನೂ ಪರಸ್ಪರ ಎದುರಾಗುತ್ತಾರೆ. ಅರಸನ ಹಾರ ಕಳುವಾದಾಗ ತಳಾರನಿಗೆ ದೊರೆಯುವುದು ಏಳೇ ದಿನಗಳ ಅವಧಿ. ಇಪ್ಪತ್ತನೆಯ ಶತಮಾನದಲ್ಲಿ ಎನ್. ನರಸಿಂಹಯ್ಯನವರು ಪತ್ತೇದಾರ ಪುರುಷೋತ್ತಮನನ್ನು ಸೃಷ್ಟಿಸಿ, ಓದುವ ಅಭ್ಯಾಸವೇ ಇಲ್ಲದಿದ್ದ ಅಸಂಖ್ಯ ಕನ್ನಡಿಗರ ಕೈಗೆ ಪುಸ್ತಕವನ್ನಿತ್ತರು. ಆದರೆ ತಳಾರನೇ ಆಗಲಿ, ಪುರುಷೋತ್ತಮನೇ ಆಗಲಿ, ಬೇಕರ್ ಬೀದಿಯ ಷರ್ಲಾಕ್ ಹೋಮ್ಸನೇ ಆಗಲಿ, ಏಕಾಕಿಗಳು. ಓದುಗನಾದವನು ಅವರ ಹಿಂದೆ ನಡೆದು, ಕೊನೆಯ ಅಧ್ಯಾಯದಲ್ಲಿ ಬೆರಗಾಗುವುದಕ್ಕೆ ಮಾತ್ರ ಅಧಿಕಾರಿಯಾದವನು. ಈ ಬೆರಗಿನ ಸ್ಥಾನದಿಂದ ಓದುಗನನ್ನು ಎಬ್ಬಿಸಿ ಶೋಧಕನ ಸ್ಥಾನದಲ್ಲಿ ಕುಳ್ಳಿರಿಸಬೇಕೆಂಬ ಹಂಬಲದಿಂದಲೇ ನಾನು ಹೇಳಹೊರಟಿರುವ ಪಂಥವು ಹುಟ್ಟಿತು.

1936ರಲ್ಲಿ ಡೆನ್ನಿಸ್ ವೀಟ್ಲಿ ಮತ್ತು ಜೆ. ಜಿ. ಲಿಂಕ್ಸ್ ಎಂಬಿಬ್ಬರು ‘ಮರ್ಡರ್ ಆಫ್ ಮಯಾಮಿ’ ಎಂಬ ಹೆಸರಿನಲ್ಲಿ ಹೊರತಂದುದು ಕಾದಂಬರಿಯಲ್ಲ, ಪೊಲೀಸ್ ಕಡತ: ತಂತಿವರ್ತಮಾನಗಳು, ಹೇಳಿಕೆಗಳು, ಛಾಯಾಚಿತ್ರಗಳು, ಪೊಟ್ಟಣದಲ್ಲಿಟ್ಟ ಕೂದಲು, ಸುಟ್ಟ ಬೆಂಕಿಕಡ್ಡಿ, ರಕ್ತದ ಕಲೆಯುಳ್ಳ ಪರದೆಯ ತುಣುಕು, ಇವೆಲ್ಲ ಅದರಲ್ಲಿ ಪ್ರತ್ಯಕ್ಷವಾಗಿಯೇ ಇದ್ದು, ಪರಿಹಾರದ ಪುಟಗಳು ಮಾತ್ರ ಮುದ್ರೆಯೊತ್ತಿ ಮುಚ್ಚಲ್ಪಟ್ಟಿದ್ದುವು. ಮುಂದೆ 1949ರಲ್ಲಿ ವಾಡಿಂಗ್ಟನ್ ಸಂಸ್ಥೆಯು ಆಂಟನಿ ಪ್ರ್ಯಾಟ್ ರಚಿಸಿದ ‘ಕ್ಲೂಡೊ’ವನ್ನು ಮಾರುಕಟ್ಟೆಗೆ ತಂದಿತು. ಆರು ಮಂದಿ ಶಂಕಿತರು, ಆರು ಆಯುಧಗಳು, ಒಂಬತ್ತು ಕೋಣೆಗಳು; ಒಟ್ಟು 324 ಸಾಧ್ಯತೆಗಳಲ್ಲಿ ಒಂದನ್ನುಳಿದು ಮಿಕ್ಕವನ್ನು ಕಳೆಯುತ್ತ ಹೋಗುವುದೇ ಆ ಆಟದ ಸಾರ. ತರ್ಕದ ದೃಷ್ಟಿಯಿಂದ ಅದು ನಿರ್ದುಷ್ಟವಾದುದಾದರೂ, ಕೊಲೆಗಾರನು ಕೊಂದುದೇಕೆ ಎಂಬ ಪ್ರಶ್ನೆಗೆ ಅದರಲ್ಲಿ ಎಡೆಯೇ ಇಲ್ಲ; ಮೇಲಾಗಿ ಪ್ರತಿಯೊಬ್ಬ ಆಟಗಾರನೂ ತಾನರಿತುದನ್ನು ಇತರರಿಂದ ಬಚ್ಚಿಡುವುದೇ ಅಲ್ಲಿನ ಜಾಣತನ. ಸಾಕ್ಷ್ಯವನ್ನು ಮುಚ್ಚಿಡುವವನು ಗೆಲ್ಲುವ ಆಟವನ್ನು ಶೋಧನೆಯ ಆಟವೆಂದು ಕರೆಯುವುದಕ್ಕೆ ನನ್ನ ಮನಸ್ಸು ಒಪ್ಪದು.

ಪಂಥದ ನಿಜವಾದ ಆದಿಗ್ರಂಥವೆಂದರೆ ಎಂಬತ್ತರ ದಶಕದ ಆರಂಭದಲ್ಲಿ ಅಮೆರಿಕದಲ್ಲಿ ಗ್ಯಾರಿ ಗ್ರೇಡಿ, ಸುಝಾನ್ ಗೋಲ್ಡ್‌ಬರ್ಗ್, ರೇಮಂಡ್ ಎಡ್ವರ್ಡ್ಸ್ ಎಂಬ ಮೂವರು ರಚಿಸಿದ, 1985ರಲ್ಲಿ ಜರ್ಮನಿಯ ವರ್ಷದ ಆಟ ಎಂಬ ಪ್ರಶಸ್ತಿಯನ್ನು ಪಡೆದ ‘ಷರ್ಲಾಕ್ ಹೋಮ್ಸ್ ಕನ್ಸಲ್ಟಿಂಗ್ ಡಿಟೆಕ್ಟಿವ್’. ಈ ಪೆಟ್ಟಿಗೆಯನ್ನು ಬಿಚ್ಚಿದರೆ ದಾಳವಿಲ್ಲ, ಕಾಯಿಗಳಿಲ್ಲ, ಸರದಿಯ ಕಟ್ಟುಪಾಡೂ ಇಲ್ಲವೆನ್ನಬೇಕು. ಲಂಡನ್ನಿನ ಒಂದು ನಕ್ಷೆ, ಪ್ರತಿಯೊಂದು ಕಟ್ಟಡಕ್ಕೂ ಒಂದೊಂದು ಸಂಖ್ಯೆ; ನಗರವಾಸಿಗಳ ಹೆಸರು ವಿಳಾಸಗಳ ಕೈಪಿಡಿ; ಆಯಾ ದಿನದ ವೃತ್ತಪತ್ರಿಕೆ; ಹತ್ತು ಪ್ರಕರಣಗಳು. ಆಡುವವರು ಹೋಮ್ಸನ ಬೀದಿಹುಡುಗರ ತಂಡವಾಗಿ, ಮೊದಲ ಪುಟವನ್ನೋದಿಕೊಂಡು, ಇನ್ನು ಯಾರ ಮನೆಗೆ ಹೋಗೋಣವೆಂದು ತಮ್ಮತಮ್ಮಲ್ಲೇ ಚರ್ಚಿಸಿ, ಕೈಪಿಡಿಯಲ್ಲಿ ವಿಳಾಸವನ್ನು ಹುಡುಕಿ, ಅದರ ಸಂಖ್ಯೆಗೆ ಸರಿಯಾದ ಕಂಡಿಕೆಯನ್ನು ಗಟ್ಟಿಯಾಗಿ ಓದುತ್ತಾರೆ. ಕಂಡಿಕೆಯೇ ಇಲ್ಲದಿದ್ದರೆ ಅಲ್ಲಿ ಹೇಳಿಕೊಳ್ಳುವಂಥದು ಏನೂ ಇಲ್ಲವೆಂದು ತಿಳಿಯಬೇಕು.

ಈ ಏರ್ಪಾಡಿನ ಮಹತ್ತ್ವವನ್ನು ನಾನು ಮನಸಾರೆ ಮೆಚ್ಚುತ್ತೇನೆ. ಏಕೆಂದರೆ ಪತ್ತೇದಾರಿಕೆಯಲ್ಲಿ ಉತ್ತರವನ್ನು ಕಂಡುಹಿಡಿಯುವುದಕ್ಕಿಂತ ಪ್ರಶ್ನೆಯನ್ನು ಯಾರ ಬಾಗಿಲಲ್ಲಿ ಕೇಳಬೇಕೆಂಬುದನ್ನು ನಿರ್ಧರಿಸುವುದೇ ಕಷ್ಟವೆಂಬ ಸತ್ಯವನ್ನು, ಯಾವ ಬೋಧನೆಯೂ ಇಲ್ಲದೆ, ಇದು ಆಟಗಾರನಿಗೆ ಮನಗಾಣಿಸುತ್ತದೆ. ಪತ್ರಿಕೆಯ ಮೂಲೆಯಲ್ಲಿರುವ ಒಂದು ಹಡಗಿನ ಆಗಮನದ ಸುದ್ದಿ ನಿರುಪಯುಕ್ತವಾಗಿರಬಹುದು, ಇಲ್ಲವೆ ಅದೇ ಪ್ರಕರಣದ ಕೀಲಿಯಾಗಿರಬಹುದು. ಹಿಂದಿನ ಪ್ರಕರಣದ ಪತ್ರಿಕೆಯೂ ಮುಂದಿನದಕ್ಕೆ ಒದಗಬಹುದು. ಒಬ್ಬನು ನಕ್ಷೆಯ ಮೇಲೆ ದಾರಿಯನ್ನಳೆಯುತ್ತಿರುವಾಗ, ಮತ್ತೊಬ್ಬಳು ಜಾಹೀರಾತನ್ನೋದುತ್ತಿರುತ್ತಾಳೆ, ಮೂರನೆಯವನು ಸಾಕ್ಷಿಯ ಮಾತಿನಲ್ಲಿ ಕಾಲವ್ಯತ್ಯಾಸವನ್ನು ಹಿಡಿಯುತ್ತಾನೆ. ಮೇಜಿನ ಸುತ್ತ ನಡೆಯುವ ವಾಗ್ವಾದವೇ ಆಟ. ಕಾಗದವೆಲ್ಲ ಅದಕ್ಕೆ ನಿಮಿತ್ತ ಮಾತ್ರ.

ಆದರೆ ಕೊನೆಯ ಪುಟಕ್ಕೆ ಬಂದಾಗ ಈ ಮಹಾಕೃತಿಯು ತನ್ನನ್ನು ತಾನೇ ಅಲ್ಲಗಳೆಯುತ್ತದೆ. ಆಟಗಾರರು ಉತ್ತರಗಳನ್ನು ಹೇಳಿ ಮುಗಿಸಿದ ಬಳಿಕ ಹೋಮ್ಸನು ಬಂದು, ತಾನು ಬೆರಳೆಣಿಕೆಯ ಸ್ಥಳಗಳಿಗೆ ಹೋಗಿ ಪ್ರಕರಣವನ್ನು ಭೇದಿಸಿದೆನೆಂದು ಘೋಷಿಸುತ್ತಾನೆ. ಅವನ ಅಂಕಗಳು ಯಾವಾಗಲೂ 100. ಅವನಿಗಿಂತ ಹೆಚ್ಚಾಗಿ ಹೋದ ಒಂದೊಂದು ಮನೆಗೂ ಆಟಗಾರರ ಅಂಕಗಳಿಂದ ಐದೈದು ಕಳೆಯಲ್ಪಡುತ್ತದೆ. ಅವನ ಊಹೆಯ ನೆಗೆತಗಳಾದರೋ ಅನೇಕ ಸಲ ಮುದ್ರಿತವಾದ ಸಾಕ್ಷ್ಯದಿಂದ ಸಮರ್ಥಿಸಲಾರದಂಥವು. ಒಬ್ಬ ಸಾಕ್ಷಿ ಹೇಳಿದುದನ್ನು ಮತ್ತೊಬ್ಬನಲ್ಲಿ ಪರೀಕ್ಷಿಸಿ ನೋಡಿದ ತಂಡಕ್ಕೆ ದಂಡ, ಪರೀಕ್ಷಿಸದೆ ನೆಗೆದವನಿಗೆ ಪೂರ್ಣಾಂಕ! ನ್ಯಾಯಾಲಯದಲ್ಲಿ ಇದಕ್ಕೆ ಸರಿವಿರುದ್ಧವಾದುದನ್ನೇ ನಾವು ಅಪೇಕ್ಷಿಸುತ್ತೇವೆ.

ಏಕಾಕಿಯಾದ ಪ್ರತಿಭಾವಂತನ ಈ ಆರಾಧನೆಯು ಇತಿಹಾಸಕ್ಕೂ ಹೊಂದುವುದಿಲ್ಲ. ಬೆರಳಚ್ಚಿನಿಂದ ಮನುಷ್ಯನನ್ನು ಗುರುತಿಸುವ ಕಛೇರಿಯು 1897ರಲ್ಲಿ ಕಲಕತ್ತೆಯಲ್ಲಿ ಸ್ಥಾಪಿತವಾದಾಗ, ಅಚ್ಚುಗಳನ್ನು 1,024 ವರ್ಗಗಳಾಗಿ ವಿಂಗಡಿಸಿ ಹುಡುಕಬಹುದಾದ ಕ್ರಮವನ್ನು ರೂಪಿಸುವಲ್ಲಿ ದುಡಿದವರು ಅಜೀಜುಲ್ ಹಕ್ ಮತ್ತು ಹೇಮಚಂದ್ರ ಬೋಸ್; ಆ ಕ್ರಮಕ್ಕೆ ಬಂದ ಹೆಸರು ಮಾತ್ರ ಅವರ ಮೇಲಧಿಕಾರಿಯಾದ ಎಡ್ವರ್ಡ್ ಹೆನ್ರಿಯದು. ಅಪರಾಧ ಶೋಧನೆಯು ವಾಸ್ತವದಲ್ಲಿ ಅನೇಕರ ತಾಳ್ಮೆಯ ಫಲ. ಕೂಡಿ ಆಡುವ ಆಟವೊಂದು ಈ ಸತ್ಯವನ್ನು ಎತ್ತಿಹಿಡಿಯಬೇಕಾಗಿದ್ದಲ್ಲಿ, ಒಬ್ಬನ ಪಾದಪೀಠಕ್ಕೆ ಮತ್ತೆ ಮಾಲೆ ಹಾಕುವುದು ವಿಷಾದಕರ.

ಮುಂದೆ ಬಂದವರು ಈ ದೋಷವನ್ನು ಬಗೆಬಗೆಯಾಗಿ ತಿದ್ದಲೆಳಸಿದರು. 2018ರಲ್ಲಿ ಪೋಲೆಂಡಿನ ಇಗ್ನಾಟ್ಸಿ ಟ್ಶೆವಿಚೆಕ್ ರಚಿಸಿದ ‘ಡಿಟೆಕ್ಟಿವ್’ ಆಟದಲ್ಲಿ ಹೋಮ್ಸನಿಲ್ಲ. ಬದಲಾಗಿ ದಿನದ ಗಂಟೆಗಳು ಎಣಿಕೆಯಲ್ಲಿರುತ್ತವೆ, ಒಂದು ವಿಚಾರಣೆಗೆ ಹೋದರೆ ಮತ್ತೊಂದಕ್ಕೆ ಸಮಯವಿರುವುದಿಲ್ಲ. ತ್ಯಾಗವಿಲ್ಲದೆ ಶೋಧನೆಯಿಲ್ಲವೆಂಬ ಈ ಮಿತಿ ನ್ಯಾಯವಾದುದು. ಅದೇ ವರ್ಷ ಬಂದ ‘ಕ್ರಾನಿಕಲ್ಸ್ ಆಫ್ ಕ್ರೈಮ್’ನಲ್ಲಿ ಒಬ್ಬನು ಮೊಬೈಲ್ ಫೋನಿನ ತೆರೆಯಲ್ಲಿ ಕೊಲೆ ನಡೆದ ಕೋಣೆಯನ್ನು ಕೆಲವೇ ಕ್ಷಣಗಳಲ್ಲಿ ಸುತ್ತಿ ನೋಡಿ, ಕಂಡುದನ್ನು ಬಾಯಲ್ಲಿ ಹೇಳಬೇಕು, ಕೋಣೆಯನ್ನು ಕಾಣದ ಮಿಕ್ಕವರು ಅವನ ಮಾತನ್ನು ನಂಬಿ ಹೊಂದುವ ಚೀಟಿಗಳನ್ನು ಆರಿಸಬೇಕು. ಪ್ರತ್ಯಕ್ಷದರ್ಶಿಯ ಮಾತು ಎಷ್ಟು ದುರ್ಬಲವೆಂಬುದು ಇಲ್ಲಿ ಅನುಭವಕ್ಕೆ ಬರುತ್ತದೆ. ಕಾಗದವನ್ನು ಕತ್ತರಿಸಿ, ಮಡಿಸಿ, ಸಂಕೇತಗಳನ್ನು ಬಿಡಿಸುವ ‘ಎಕ್ಸಿಟ್’ ಜಾತಿಯ ಆಟಗಳ ಬಗೆಗೆ ಹೆಚ್ಚು ಹೇಳಬೇಕಾದುದಿಲ್ಲ. ಅವು ಬೀಗದ ವಿದ್ಯೆ, ಮನುಷ್ಯಸ್ವಭಾವದ ವಿದ್ಯೆಯಲ್ಲ, ಮತ್ತು ಒಂದು ಸಲ ಆಡಿದ ಮೇಲೆ ಕಸದ ಬುಟ್ಟಿಗೆ ಸಲ್ಲುವಂಥವು.

ಇವೆಲ್ಲವುಗಳಲ್ಲಿ ನನಗೆ ಅತ್ಯಂತ ಸ್ವಚ್ಛವಾಗಿ ಕಂಡುದು 2020ರಲ್ಲಿ ಜರ್ಮನಿಯ ಯೋಹಾನ್ನೆಸ್ ಜಿಖ್ ರಚಿಸಿದ ‘ಮೈಕ್ರೊಮ್ಯಾಕ್ರೊ’. 75 ಸೆಂಟಿಮೀಟರ್ ಅಗಲ, 110 ಸೆಂಟಿಮೀಟರ್ ಉದ್ದದ ಒಂದೇ ಹಾಳೆಯ ಮೇಲೆ ಇಡೀ ನಗರವೊಂದನ್ನು ಕಪ್ಪು ಬಿಳುಪಿನ ಸಣ್ಣ ಗೆರೆಗಳಲ್ಲಿ ಬಿಡಿಸಲಾಗಿದೆ; ಒಬ್ಬನೇ ವ್ಯಕ್ತಿ ದಿನದ ಬೇರೆಬೇರೆ ಹೊತ್ತಿನಲ್ಲಿ ಬೇರೆಬೇರೆ ಬೀದಿಗಳಲ್ಲಿ ಅಲ್ಲಲ್ಲೇ ಚಿತ್ರಿತನಾಗಿರುತ್ತಾನೆ. ರಸ್ತೆಯಲ್ಲಿ ಸತ್ತುಬಿದ್ದವನನ್ನು ಕಂಡರೆ, ಬೆರಳನ್ನು ಹಿಂದಕ್ಕೆ ಸರಿಸುತ್ತ, ಅವನು ಆ ಮೂಲೆಗೆ ಬರುವ ಮುನ್ನ ಎಲ್ಲಿದ್ದನು, ಅವನ ಹಿಂದೆ ಯಾರಿದ್ದರು ಎಂದು ಹುಡುಕಬೇಕು. ಓದು ಬಾರದ ಅಜ್ಜಿಯೂ ಶಾಲೆಗೆ ಹೋಗುವ ಮೊಮ್ಮಗಳೂ ಇಲ್ಲಿ ಸಮಾನರು, ಒಮ್ಮೊಮ್ಮೆ ಮೊಮ್ಮಗಳೇ ಮುಂದು. ಕಾರ್ಯದಿಂದ ಕಾರಣಕ್ಕೆ ಹಿಂದಿರುಗುವ ನಡೆಯನ್ನು ಇದಕ್ಕಿಂತ ಸರಳವಾಗಿ ಕಲಿಸುವ ಸಾಧನವನ್ನು ನಾನರಿಯೆ.

ಆದರೂ ಪಂಥಕ್ಕೆ ಸಾಮಾನ್ಯವಾದ ಒಂದು ರೋಗ ಉಳಿದೇ ಇದೆ. ಸಾಕ್ಷ್ಯವೆಲ್ಲ ಎಲ್ಲರ ಕಣ್ಣ ಮುಂದಿರುವುದರಿಂದ, ಗಟ್ಟಿ ದನಿಯವನೊಬ್ಬನು ತಾನೇ ಓದಿ, ತಾನೇ ತೀರ್ಮಾನಿಸಿ, ಮಿಕ್ಕವರನ್ನು ತಲೆದೂಗುವವರನ್ನಾಗಿ ಮಾಡಿಬಿಡುತ್ತಾನೆ. ಹೆಸರಿಗೆ ಸಹಕಾರ, ನಡೆವುದು ಏಕಾಧಿಪತ್ಯ. ನಮ್ಮ ಆಡು ಹುಲಿ ಆಟದಲ್ಲಿ ಮೂರು ಹುಲಿಗಳನ್ನು ಹದಿನೈದು ಆಡುಗಳು ಸುತ್ತಿಕಟ್ಟುತ್ತವೆಯಾದರೂ ಆಡುಗಳೆಲ್ಲವೂ ಒಬ್ಬನ ಕೈಯವೇ ಆದುದರಿಂದ ಅಲ್ಲಿ ಈ ಪ್ರಶ್ನೆಯೇ ಏಳುವುದಿಲ್ಲ. 1983ರ ‘ಸ್ಕಾಟ್ಲೆಂಡ್ ಯಾರ್ಡ್’ನಲ್ಲಿ ಅದೇ ಸುತ್ತುಗಟ್ಟುವ ತತ್ತ್ವವನ್ನು ಹಲವು ಪತ್ತೇದಾರರಿಗೆ ಹಂಚಿ, ಗೊತ್ತುಪಡಿಸಿದ ಕೆಲವು ನಡೆಗಳಲ್ಲಿ ಮಾತ್ರ ಮುಖ ತೋರುವ ಅಪರಾಧಿಯನ್ನು ಬೆನ್ನಟ್ಟಲು ಬಿಟ್ಟರು, ಅಲ್ಲಿಯೂ ಯಾರೋ ಒಬ್ಬರು ದಂಡನಾಯಕರಾಗುವುದು ಸಾಮಾನ್ಯ. ಸೌಜನ್ಯದಿಂದ ಈ ರೋಗ ಗುಣವಾಗುವುದಿಲ್ಲ. ಒಬ್ಬನಿಗೆ ಮತ್ತೊಬ್ಬನ ನೆರವಿಲ್ಲದೆ ಮುಂದಡಿಯಿಡಲು ಸಾಧ್ಯವೇ ಇಲ್ಲದಂತೆ ಸಾಕ್ಷ್ಯವನ್ನೇ ಹಂಚಿಡಬೇಕು.

ಇಲ್ಲಿಯೇ ಬೇಗಂ ಬಜಾರು ನನಗೆ ನೆನಪಿಗೆ ಬರುವುದು. ಎರಡನೆಯ ಅಸಫ್ ಜಾಹ ನಿಜಾಂ ಅಲಿ ಖಾನನ ಪತ್ನಿ ಹಮ್ದಾ ಬೇಗಂ ವರ್ತಕರಿಗೆ ದಾನವಾಗಿತ್ತ ನೆಲದಲ್ಲಿ ಬೆಳೆದ ಈ ಪೇಟೆಯ ಹಳೆಯ ದಿನಗಳನ್ನು ಕಲ್ಪಿಸಿಕೊಳ್ಳಿರಿ. ಸಂಸ್ಥಾನದ ಕಛೇರಿಯ ಕಾಗದ ಉರ್ದುವಿನಲ್ಲಿ, ಮಾರವಾಡಿ ಸಾಹುಕಾರನ ಕೆಂಪು ಬಟ್ಟೆಯ ಹೊದಿಕೆಯ ಲೆಕ್ಕದ ಪುಸ್ತಕವಾದ ಬಹಿ ಅವನ ಲಿಪಿಯಲ್ಲಿ, 1926ರಿಂದ ಸುರವರಂ ಪ್ರತಾಪರೆಡ್ಡಿಯವರು ನಡೆಸಿದ ‘ಗೋಲಕೊಂಡ’ ಪತ್ರಿಕೆ ತೆಲುಗಿನಲ್ಲಿ, ರಾಯಚೂರಿನ ಅಡತಿಯವನು ಬರೆದ ಪತ್ರ ಕನ್ನಡದಲ್ಲಿ. ಸರಕಾರಿ ತಾರೀಖು ಫಸಲಿಯದು, ಸಾಹುಕಾರನ ಲೆಕ್ಕದ ವರ್ಷ ದೀಪಾವಳಿಯಿಂದ, ಪತ್ರ ಬರೆದವನದು ಪಂಚಾಂಗದ ತಿಥಿ. ಹಣವೂ ಒಂದೇ ಬಗೆಯದಲ್ಲ: ಸಂಸ್ಥಾನದ ಹಾಲಿ ಸಿಕ್ಕಾ ಏಳು ರೂಪಾಯಿಗೆ ಬ್ರಿಟಿಷರ ಕಲ್ದಾರ್ ಆರು ರೂಪಾಯಿ ಸಮ. ಹೀಗಿರುವಲ್ಲಿ ಬಹಿಯಲ್ಲಿ 42 ರೂಪಾಯಿ ಜಮೆಯಾಗಿ, ರಾಯಚೂರಿನ ಪತ್ರದಲ್ಲಿ 36 ರೂಪಾಯಿ ಸಂದಾಯವಾದ ಮಾತಿದ್ದರೆ, ಆರು ರೂಪಾಯಿ ಕಳುವಾಯಿತೆಂದು ಕೂಗಾಡುವವನು ತಪ್ಪಿದನು. ನಾಣ್ಯಭೇದವನ್ನರಿತವಳು ಲೆಕ್ಕ ಸರಿಯೆಂದು ತೋರಿಸಿ, ಸಂಶಯವನ್ನು ಬಹಿ ಬರೆದ ಗುಮಾಸ್ತೆಯ ತಲೆಯಿಂದ ಇಳಿಸಿ, ಅದು ಇನ್ನಾರ ಕಡೆಗೆ ತಿರುಗಬೇಕೆಂದು ಕೇಳುವಳು.

ಇಂಥ ಪ್ರಕರಣವೊಂದನ್ನು ಆಟವಾಗಿ ಕಟ್ಟಿ, ಉರ್ದು ಬಲ್ಲವನಿಗೆ ಕಛೇರಿಯ ಕಡತವನ್ನೂ, ತೆಲುಗು ಬಲ್ಲವಳಿಗೆ ಪತ್ರಿಕೆಯನ್ನೂ, ಲೆಕ್ಕ ಬಲ್ಲವನಿಗೆ ಬಹಿಯ ನಕಲನ್ನೂ, ಕನ್ನಡಿಗನಿಗೆ ಪತ್ರಗಳನ್ನೂ ಕೊಟ್ಟು, ತನ್ನ ಕಾಗದವನ್ನು ಇತರರ ಕೈಗೆ ಕೊಡದೆ ಬಾಯಲ್ಲಿ ಮಾತ್ರ ತಿಳಿಸಬೇಕೆಂಬ ನಿಯಮವನ್ನಿಟ್ಟರೆ, ಗಟ್ಟಿ ದನಿಯವನು ತಾನಾಗಿ ಕಿವಿಗೊಡಲೇಬೇಕಾಗುತ್ತದೆ. ಕಾಚಿಗೂಡದಲ್ಲಿ ಕರ್ನಾಟಕ ಸಾಹಿತ್ಯ ಮಂದಿರವನ್ನೂ ನೃಪತುಂಗ ಶಾಲೆಯನ್ನೂ ಕಟ್ಟಿಕೊಂಡು ಉರ್ದು ತೆಲುಗುಗಳ ನಡುವೆ ಬಾಳಿದ ಹೈದರಾಬಾದಿನ ಕನ್ನಡ ಕುಟುಂಬಗಳಿಗೆ, ಒಂದು ಮನೆಯಲ್ಲಿ ಮೂರು ಭಾಷೆಗಳ ಕಾಗದ ಬರುವುದು ದಿನನಿತ್ಯದ ಅನುಭವ. ಆದುದರಿಂದ ಈ ಆಟವು ಅವರಿಗೆ ಪರಕೀಯವೆನಿಸದು.

ಆದರೆ ಅದರ ಕೊನೆಯ ಪುಟವನ್ನು ಹೇಗೆ ಬರೆಯಬೇಕೆಂಬುದರಲ್ಲಿ ನಾನು ಪಾಶ್ಚಾತ್ಯ ಮಾದರಿಯನ್ನು ಅನುಸರಿಸಲಾರೆ. ನಿಜಾಮನ ಸೇವೆಯಲ್ಲಿದ್ದು ಮುಂದೆ ಸುರಪುರದ ಆಡಳಿತವನ್ನು ನೋಡಿಕೊಂಡ ಮೆಡೋಸ್ ಟೇಲರ್ 1839ರಲ್ಲಿ ಪ್ರಕಟಿಸಿದ ಠಕ್ಕನ ಕಾದಂಬರಿಯೂ, ಠಕ್ಕರ ನಿಗ್ರಹಕ್ಕೆ ನಿಂತ ಬ್ರಿಟಿಷ್ ಅಧಿಕಾರಿ ಸ್ಲೀಮನ್ನನ ಕಛೇರಿಯ ಕಡತಗಳೂ, ಮಾಫಿಸಾಕ್ಷಿಗಳ ಹೇಳಿಕೆಯ ಮೇಲೆ ನಿಂತವು. ಪ್ರಾಣದಾಸೆಯಿಂದ ಹೇಳಿದ ಮಾತನ್ನು ಎಷ್ಟು ನಂಬಬಹುದೆಂಬ ವಿವಾದ ಇತಿಹಾಸಕಾರರಲ್ಲಿ ಇಂದಿಗೂ ಇದೆ. ಮುಚ್ಚಿದ ಲಕೋಟೆಯೊಳಗೆ ಒಂದೇ ಹೆಸರಿರುವ ಆಟವು ಈ ವಿವಾದವನ್ನೇ ಮರೆಸಿಬಿಡುತ್ತದೆ. ಬೇಗಂ ಬಜಾರಿನ ಪೆಟ್ಟಿಗೆಯಲ್ಲಿ ಲಕೋಟೆಗೆ ಬದಲಾಗಿ ಒಂದು ತೀರ್ಪಿನ ಹಾಳೆಯಿರಲಿ: ತಂಡದವರು ಅಪರಾಧಿಯ ಹೆಸರಿನ ಜೊತೆಗೆ ಯಾವ ಕಾಗದದ ಆಧಾರದಿಂದ ಹಾಗೆ ಹೇಳುತ್ತೇವೆಂಬುದನ್ನೂ, ಯಾವ ಮಾತನ್ನು ಯಾರಲ್ಲಿ ಪರೀಕ್ಷಿಸಿದೆವೆಂಬುದನ್ನೂ ಬರೆಯಬೇಕು, ಉತ್ತರ ಪುಸ್ತಿಕೆಯು ಪ್ರತಿಯೊಂದು ಆಧಾರದ ಬಲವನ್ನು ತೂಗಿ, ಎರಡು ಸ್ವತಂತ್ರ ಸಾಕ್ಷ್ಯಗಳಿಂದ ಸಮರ್ಥಿತವಾದುದಕ್ಕೆ ಹೆಚ್ಚು, ಊಹೆಯಿಂದ ಸರಿಯಾದುದಕ್ಕೆ ಕಡಿಮೆ ಅಂಕಗಳನ್ನು ಕೊಡಬೇಕು, ನಿರಪರಾಧಿಯ ಹೆಸರನ್ನು ಬರೆದವರಿಗೆ ಮಿಕ್ಕ ಅಂಕಗಳು ಎಷ್ಟೇ ಇದ್ದರೂ ಶೂನ್ಯವೇ ಗತಿಯಾಗಬೇಕು.