ಊದಿದವನಿಗಷ್ಟೇ ನೆನಪು

‘ಒಕರಿನಾ ಆಫ್ ಟೈಮ್’ ಎಂಬ ಹೆಸರು ಸ್ವಲ್ಪ ದಾರಿ ತಪ್ಪಿಸುತ್ತದೆ. ನಿಂಟೆಂಡೊ 1998ರಲ್ಲಿ ಹೊರತಂದ ಈ ವಿಡಿಯೊ ಗೇಮಿನಲ್ಲಿ ಒಕರಿನಾ, ಅಂದರೆ ಅಂಗೈಯಲ್ಲಿ ಹಿಡಿಸುವ ಉರುಟಾದ ಊದುವಾದ್ಯ, ಬಹುಪಾಲು ಒಂದು ಕೀಲಿ. ಅದು ಕಾಲದ ಬಾಗಿಲನ್ನು ತೆರೆಯುತ್ತದೆ. ಆದರೆ ನಾಯಕ ಲಿಂಕನನ್ನು ಏಳು ವರ್ಷ ಮುಂದಕ್ಕೆ ಒಯ್ಯುವುದು ಬಾಗಿಲ ಹಿಂದಿರುವ ಕತ್ತಿ. ಕೊನೆಯಲ್ಲಿ ರಾಜಕುಮಾರಿ ಝೆಲ್ಡಾ ಅದೇ ವಾದ್ಯ ನುಡಿಸಿ ಅವನನ್ನು ಬಾಲ್ಯಕ್ಕೆ ಕಳಿಸುತ್ತಾಳೆ, ಅಷ್ಟರಲ್ಲಿ ಆಟವೇ ಮುಗಿದಿರುತ್ತದೆ. ನಾದ ಕಾಲವನ್ನು ಬದಲಿಸಿದರೆ ಯಾರಿಗೆ ಏನಾಗುತ್ತದೆ ಎಂಬ ಪ್ರಶ್ನೆಯನ್ನು ನಿಜವಾಗಿ ಕೈಗೆತ್ತಿಕೊಂಡದ್ದು ಎರಡು ವರ್ಷದ ಬಳಿಕ ಬಂದ ‘ಮೆಜೋರಾಸ್ ಮಾಸ್ಕ್’.

ಇದರ ಲೋಕಕ್ಕೆ ಟರ್ಮಿನಾ ಎಂದು ಹೆಸರು. ಹಲ್ಲು ಕಡಿಯುತ್ತಿರುವ ಮುಖದ ಚಂದ್ರ ಮೂರು ದಿನಗಳಲ್ಲಿ ಊರಿನ ಮೇಲೆ ಬೀಳಲಿದ್ದಾನೆ. ಆಟದೊಳಗಿನ ಈ 72 ತಾಸು ನಮ್ಮ ಗಡಿಯಾರದಲ್ಲಿ ಸುಮಾರು 54 ನಿಮಿಷ. ಮೊದಲ ಸುತ್ತಿನಲ್ಲೇ ಅವನನ್ನು ತಡೆಯುವುದು ಆಗದ ಮಾತು. ಲಿಂಕ್ ಒಕರಿನಾ ಊದುತ್ತಾನೆ, ಮೊದಲ ದಿನದ ಬೆಳಗಿನ ಆರು ಗಂಟೆಗೆ ಮರಳುತ್ತಾನೆ, ಮತ್ತೆ ಶುರುಮಾಡುತ್ತಾನೆ.

ಆ ಧಾಟಿಯ ತಿರುಳಿನಲ್ಲಿರುವುದು ಮೂರೇ ಸ್ವರ. ಮೂರರಲ್ಲಿ ತಗ್ಗಿನದನ್ನು ಷಡ್ಜವೆಂದುಕೊಂಡರೆ ಪ ಸ ಗ, ಪ ಸ ಗ. ತಿರುಗಿಸಿ ಗ ಸ ಪ, ಗ ಸ ಪ ಎಂದು ನುಡಿಸಿದರೆ ಕಾಲದ ಓಟ ನಿಧಾನವಾಗುತ್ತದೆ. ಪ ಪ, ಸ ಸ, ಗ ಗ ಎಂದು ಒಂದೊಂದನ್ನೂ ಎರಡೆರಡು ಸಲ ನುಡಿಸಿದರೆ ಅರ್ಧ ದಿನ ಹಾರಿಹೋಗುತ್ತದೆ. ಎಳವೆಯಲ್ಲಿ ಜಂಟಿ ವರಸೆ ಅಭ್ಯಾಸ ಮಾಡಿದವರಿಗೆ ನಗು ಬಂದೀತು. ಮಾಟಮಂತ್ರದ ಕಥೆಗಳಲ್ಲಿ ಸಾಮಾನ್ಯವಾಗಿ ಮಂತ್ರದ ಅಕ್ಷರಗಳಿಗೂ ಫಲಕ್ಕೂ ನಂಟಿರುವುದಿಲ್ಲ. ಇಲ್ಲಿ ಧಾಟಿಯ ಕಟ್ಟಡವನ್ನು ಬದಲಿಸಿದ್ದಕ್ಕೆ ಕಾಲದ ನಡೆ ಬದಲಾಗುತ್ತದೆ. (ತಿರುಗಿಸಿ ನುಡಿಸಿದರೆ ಕಾಲ ಹಿಂದಕ್ಕೆ ಹೋಗಬೇಕಿತ್ತಲ್ಲವೇ ಎಂದು ಯಾರಾದರೂ ತಕರಾರು ತೆಗೆದರೆ ನಾನು ಅವರ ಪಕ್ಷ.)

ಇಷ್ಟೇ ಆಗಿದ್ದರೆ ಇದು ಜಾಣತನದ ಆಟ ಅನ್ನಿಸಿಕೊಳ್ಳುತ್ತಿತ್ತು. ಕಥೆ ಭಾರವಾಗುವುದು ಕಾಲ ಮರಳಿದಾಗ ಏನು ಉಳಿಯುತ್ತದೆ ಎಂಬಲ್ಲಿ. ಲಿಂಕನ ಬಳಿ ಮುಖವಾಡಗಳೂ ಕಲಿತ ಧಾಟಿಗಳೂ ಉಳಿಯುತ್ತವೆ. ಕೈಯಲ್ಲಿದ್ದ ದುಡ್ಡು ಹೋಗುತ್ತದೆ, ಬ್ಯಾಂಕಿನಲ್ಲಿಟ್ಟದ್ದು ಮಾತ್ರ ಹೇಗೋ ಭದ್ರ. ಉಳಿದವರೆಲ್ಲ ಅವನನ್ನು ಮರೆಯುತ್ತಾರೆ.

ವಸತಿಗೃಹ ನಡೆಸುವ ಅಂಜುವಿನ ಪ್ರಸಂಗ ನೋಡಿ. ಅವಳನ್ನು ಮದುವೆಯಾಗಬೇಕಿದ್ದ ಕಾಫೇ ಕಾಣೆಯಾಗಿದ್ದಾನೆ. ಶಾಪದಿಂದ ಹುಡುಗನ ದೇಹ ಸೇರಿ, ಅದೇ ಊರಿನಲ್ಲಿ ಅಡಗಿದ್ದಾನೆ. ಅವರಿಬ್ಬರನ್ನು ಸೇರಿಸಲು ಆಟಗಾರ ಮೂರು ದಿನವೂ ಓಡಾಡಬೇಕು: ಕಾಗದ ತಲುಪಿಸಬೇಕು, ಸರಿಯಾದ ಹೊತ್ತಿಗೆ ಸರಿಯಾದ ಬಾಗಿಲಲ್ಲಿ ನಿಲ್ಲಬೇಕು, ಕಳ್ಳನ ಅಡಗುದಾಣಕ್ಕೆ ನುಗ್ಗಬೇಕು. ಎಲ್ಲವೂ ಸರಿಹೋದರೆ ಕೊನೆಯ ರಾತ್ರಿ, ಚಂದ್ರ ಬೀಳಲು ಎರಡು ತಾಸೂ ಇಲ್ಲದಿರುವಾಗ, ಕಾಫೇ ಅವಳ ಕೋಣೆಗೆ ಬರುತ್ತಾನೆ. ಇಬ್ಬರೂ ಓಡಿಹೋಗುವುದಿಲ್ಲ. ಒಟ್ಟಿಗೆ ಬೆಳಗನ್ನು ಕಾಯುತ್ತೇವೆ ಅನ್ನುತ್ತಾರೆ. ಅವರ ಮದುವೆಯ ಸಾಕ್ಷಿಯಾಗಿ ಲಿಂಕನಿಗೆ ಒಂದು ಮುಖವಾಡ ಸಿಗುತ್ತದೆ. ಆಮೇಲೆ ಅವನು ಬದುಕಬೇಕಾದರೆ ಒಕರಿನಾ ಊದಲೇಬೇಕು. ಊದಿದೊಡನೆ ಅಂಜು ಮತ್ತೆ ಮೊದಲ ದಿನದಲ್ಲಿ, ಯಾವ ಕಾಗದವೂ ಬರದೆ ಕಾಯುತ್ತಿರುತ್ತಾಳೆ. ಎದುರು ನಿಂತವನು ಅಪರಿಚಿತ ಗಿರಾಕಿ.

ನಾದದಲ್ಲಿ ಕಾಲ ಕಳೆದುಹೋದ ಕಥೆ ನಮಗೆ ಹೊಸದಲ್ಲ. ಭಾಗವತದ ಕಕುದ್ಮಿ ರಾಜ ಮಗಳು ರೇವತಿಗೆ ವರ ಯಾರೆಂದು ಕೇಳಲು ಬ್ರಹ್ಮಲೋಕಕ್ಕೆ ಹೋಗುತ್ತಾನೆ. ಗಂಧರ್ವರ ಗಾನ ಮುಗಿಯಲೆಂದು ಕ್ಷಣಕಾಲ ಕಾಯುತ್ತಾನೆ. ಅಷ್ಟರಲ್ಲಿ ಭೂಮಿಯ ಮೇಲೆ 27 ಚತುರ್ಯುಗಗಳು ಕಳೆದು, ಅವನು ಮನಸ್ಸಿನಲ್ಲಿಟ್ಟುಕೊಂಡಿದ್ದ ವರಗಳ ಮೊಮ್ಮಕ್ಕಳೂ ಇಲ್ಲವಾಗಿರುತ್ತಾರೆ. ಅಲ್ಲಿ ಕೇಳಿದವನು ತನ್ನ ಲೋಕವನ್ನೇ ಕಳೆದುಕೊಂಡ. ಇಲ್ಲಿ ಊದಿದವನಿಗೆ ಲೋಕ ಮರಳಿ ಸಿಗುತ್ತದೆ, ಆದರೆ ಆ ಲೋಕದಲ್ಲಿ ಅವನಿಗೆ ಜಾಗವಿಲ್ಲ. ಯಾವುದು ಹೆಚ್ಚು ಒಂಟಿತನ ಎಂದು ನನಗೆ ತೀರ್ಮಾನಿಸಲಾಗುತ್ತಿಲ್ಲ.

ಮೂಲ ಆಟದಲ್ಲಿ ಈ ಒಂಟಿತನವನ್ನು ಯಾರೂ ತಪ್ಪಿಸಿಕೊಳ್ಳುವಂತಿರಲಿಲ್ಲ. ಆಡಿದ್ದನ್ನು ಖಾಯಂ ಆಗಿ ಸೇವ್ ಮಾಡಲು ಇದ್ದ ದಾರಿ ಒಂದೇ: ಆ ಧಾಟಿ ನುಡಿಸುವುದು. ಅಮೆರಿಕ, ಯುರೋಪುಗಳ ಆವೃತ್ತಿಯಲ್ಲಿ ಗೂಬೆಯ ಪ್ರತಿಮೆಗಳ ಬಳಿಯೂ ಸೇವ್ ಮಾಡಬಹುದಿತ್ತು, ಆದರೆ ಅದು ತಾತ್ಕಾಲಿಕ, ಆಟ ಮುಂದುವರಿಸಿದೊಡನೆ ಆ ದಾಖಲೆ ಅಳಿಸಿಹೋಗುತ್ತಿತ್ತು. ಎಂದರೆ ನನ್ನ ಶ್ರಮ ಉಳಿಯಬೇಕಾದರೆ ಅಂಜುವಿನ ಸುಖವನ್ನು ನಾನೇ ಅಳಿಸಬೇಕು. ಕಾದಂಬರಿಯಲ್ಲಿ ಇಂಥದನ್ನು ಬೇರೊಬ್ಬರ ಕೃತ್ಯವಾಗಿ ಓದುತ್ತೇವೆ. ಇಲ್ಲಿ ಗುಂಡಿಗಳನ್ನು ಒತ್ತುವುದು ನಮ್ಮದೇ ಬೆರಳು.

2015ರಲ್ಲಿ ಕೈಯಲ್ಲಿ ಹಿಡಿದು ಆಡುವ ಯಂತ್ರಕ್ಕೆಂದು ಬಂದ ಮರುರೂಪದಲ್ಲಿ ಇದು ಬದಲಾಯಿತು. ಗೂಬೆಯ ಬಳಿ ಮಾಡಿದ ಸೇವ್ ಖಾಯಮ್ಮಾಯಿತು. ಕಾಲ ಹಾರಿಸುವ ಧಾಟಿ ನುಡಿಸಿ ಬೇಕಾದ ಗಂಟೆಯನ್ನೇ ಆರಿಸಿಕೊಳ್ಳುವ ಅನುಕೂಲವೂ ಬಂತು. ಬಸ್ಸಿನಲ್ಲಿ ಹತ್ತು ನಿಮಿಷ ಆಡುವವರಿಗೆ ಇದು ಬೇಕೇ ಬೇಕು, ಒಪ್ಪುತ್ತೇನೆ. ಆದರೆ ಒಕರಿನಾ ಇದರಿಂದ ಮತ್ತೆ ಕೀಲಿಯ ಕಡೆಗೆ, ಅಂದರೆ 1998ರ ಕಡೆಗೆ, ಜಾರಿತು. ಹೊಸ ಆಟಗಾರ ಆ ಬೆಳಗಿನ ಜಾವ ಅಂಜು, ಕಾಫೇಯರನ್ನು ಕೋಣೆಯಲ್ಲಿ ಬಿಟ್ಟು, ಬೀದಿಗಿಳಿದು, ಗೂಬೆಯ ಮುಂದೆ ನಿಂತು ಸೇವ್ ಮಾಡಿ, ಚಂದ್ರ ತಲೆಯ ಮೇಲಿರುವಾಗಲೇ ಯಂತ್ರ ಮುಚ್ಚಿ ಮಲಗಬಹುದು.